ಫ್ರೆಂಚ್ ಪಿಚ್ಚರೂ ಅತ್ತಿಯ ತವರಮನಿ ಹೆಸರೂ

ಇವತ್ತು ಬೆಳಗಿನಿಂದ ಆದ ಕೆಲಸ ಇಷ್ಟು. ನಳ ಬಂದಿತ್ತು, ಟಾಕಿ ತುಂಬಿಸಿಕೊಂಡೆ. ಮಾವನವರಿಗೆ ಚಹಾದ ಜೋಡಿ ಗುಳಿಗಿ ಕೊಟ್ಟೆ. ರೊಟ್ಟಿ ಬಡಿದೆ, ಹೀರೇಕಾಯಿ ಪಲ್ಯ ಮಾಡಿದೆ, ಅದರ ಸಿಪ್ಪಿ ಒಗೆಯದೆ ಚಟ್ನಿ ಮಾಡಿದೆ. ಇವರಿಗೆ ಅಂಗಡಿಗೆ ಡಬ್ಬಿ ಕಟ್ಟಿದೆ. ಎರಡು ಕೌದಿ ನೆನೆಹಾಕಿ, ತುಳಿದು, ಮಾಳಿಗಿಯ ಮೇಲೆ ಹರವಿದೆ. ಹರವಿದ ಮೇಲೆ ಮೋಡ ಬಂತು, ತೆಗೆದೆ. ತೆಗೆದ ಮೇಲೆ ಬಿಸಿಲು ಬಿತ್ತು, ಮತ್ತೆ ಹರವಿದೆ. ಕಡೆಗೆ ಮೇಲಿನ ಬಾಡಿಗಿ ಖೋಲಿಯ ಬೀಗ ತೆಗೆದು ಕಸ ಹೊಡೆದೆ. ಹೊಸ ಬಾಡಿಗಿಯವರು ಸೋಮವಾರ ಬರುವವರಿದ್ದಾರೆ.

ಗ್ವಾಡಿಯ ಮಾಡದಲ್ಲಿ, ದೀಪ ಇಡುವ ಗೂಡಿನಲ್ಲಿ, ಒಂದು ಸ್ಟೀಲಿನ ಡಬ್ಬಿ ಉಳಿದಿತ್ತು. ಮುಚ್ಚಳ ತೆಗೆದೆ. ಒಳಗೆ ಏನೂ ಇಲ್ಲ, ಆದರೆ ವಾಸನೆ ಹೋಗಿರಲಿಲ್ಲ. ಕಾಫಿಪುಡಿಯ ವಾಸನೆ. ಬೈಲಹೊಂಗಲದ ನಮ್ಮ ಓಣಿಯಲ್ಲಿ ಎಲ್ಲರದೂ ಚಹಾ. ಇಲ್ಲಿ ಕಾಫಿ ವಾಸನೆ ಬಂದಿತೆಂದರೆ ಅದು ಪಲ್ಲವಿಯದೇ. ಡಬ್ಬಿ ಮೂಗಿಗೆ ಹಿಡಿದುಕೊಂಡು ಕಸಬರಿಗಿಯ ಪಕ್ಕದಲ್ಲೇ ಕುಂತುಬಿಟ್ಟೆ. ಆ ವರ್ಷದ ಶ್ರಾವಣವೆಲ್ಲ ಕಣ್ಣ ಮುಂದೆ ಬಂತು.

ಪಲ್ಲವಿ ತುಮಕೂರು ಕಡೆಯ ಹುಡುಗಿ. ಇಲ್ಲಿನ ಒಂದು ಕಾಲೇಜಿಗೆ ಇಂಗ್ಲಿಷ್ ಕಲಿಸಲು ಬಂದವಳು ನಮ್ಮ ಮೇಲಿನ ಖೋಲಿ ಹಿಡಿದಳು. ಬಂದ ಹೊಸದರಲ್ಲಿ ನಮ್ಮ ಮಾತು ಅವಳಿಗೆ ಅರ್ಧ ತಿಳಿಯುತ್ತಿತ್ತು, ಅವಳ ಮಾತು ನಮಗೆ ರೇಡಿಯೋ ಕೇಳಿದ ಹಾಗಿತ್ತು. ಸಂಜೆಯಾದರೆ ಮೇಲಿನಿಂದ ಏನೋ ಅರ್ಥವಾಗದ ಭಾಷೆ ಕೇಳಿಸುತ್ತಿತ್ತು. ಒಂದೇ ಮಾತು ಹಿಂದಕ್ಕೂ ಮುಂದಕ್ಕೂ ಹತ್ತಾರು ಸಲ.

"ಶೋಭಾ, ಆ ಹುಡುಗಿ ಮಂತ್ರಗಿಂತ್ರ ಹೇಳಾಕ ಹತ್ಯಾಳೇನ ನೋಡಿ ಬಾ," ಎಂದು ನಮ್ಮ ಅತ್ತಿ ನನ್ನನ್ನು ಕಳಿಸಿದರು.

ಹೋಗಿ ನೋಡಿದರೆ ಮಂತ್ರವಲ್ಲ, ಪಿಚ್ಚರು. ಫ್ರೆಂಚ್ ಪಿಚ್ಚರು. ಪಲ್ಲವಿ ಆ ಭಾಷೆಯನ್ನು ಆಸೆಪಟ್ಟು ಕಲಿತಿದ್ದಳು. ಅವಳ ಗೆಳೆಯರು ಮೈಸೂರಿನಲ್ಲಿ ಆ ಪಿಚ್ಚರನ್ನು ಕನ್ನಡದ ಮಂದಿಗೆ ತೋರಿಸುವವರಿದ್ದರು. ಪರದೆಯ ಕೆಳಗೆ ಕನ್ನಡದ ಸಾಲು ಬರಬೇಕಲ್ಲ, ಅದನ್ನು ಬರೆಯುವ ಕೆಲಸ ಇವಳದು.

"ಅಕ್ಕ, ಬರೆಯೋದು ಕಷ್ಟ ಅಲ್ಲ," ಎಂದಳು. "ಸಾಲು ಎರಡು ಮೂರು ಉಸಿರಿನಷ್ಟು ಹೊತ್ತು ಇರುತ್ತೆ, ಆಮೇಲೆ ಹೋಗಿಬಿಡುತ್ತೆ. ಅಷ್ಟರಲ್ಲಿ ಓದಿ ಮುಗೀಬೇಕು. ನಾನು ಬರೆದಿದ್ದನ್ನ ನಾನೇ ಓದಿದರೆ ಗೊತ್ತಾಗಲ್ಲ. ಬೇರೆ ಯಾರಾದ್ರೂ ಓದಬೇಕು, ಆರಾಮಾಗಿ ಓದೋವ್ರು."

ನಮ್ಮ ಅತ್ತಿಗಿಂತ ಆರಾಮಾಗಿ ಓದುವವರು ತಾಲೂಕಿನಲ್ಲೇ ಇರಲಿಲ್ಲ. ತವರೂರು ಸಿರಸಂಗಿಯ ಸಾಲಿಯಲ್ಲಿ ಮೂರನೆಯ ಇಯತ್ತೆಯವರೆಗೆ ಕಲಿತವರು. ಬಸ್ ಸ್ಟ್ಯಾಂಡಿನಲ್ಲಿ "ಸ... ವ... ದ... ತ್ತಿ" ಎಂದು ಬೋರ್ಡು ಓದಿ ಮುಗಿಸುವುದರೊಳಗೆ ಬಸ್ಸು ಯರಗಟ್ಟಿ ದಾರಿ ಹಿಡಿದಿರುತ್ತಿತ್ತು. ಈ ಮಾತು ಹೇಳಿದ್ದೇ ತಡ, ಪಲ್ಲವಿ ಲ್ಯಾಪ್‌ಟಾಪು, ವಾಯರು ಎತ್ತಿಕೊಂಡು ಕೆಳಗೆ ಬಂದಳು. ನಮ್ಮ ಪಡಸಾಲಿಯ ಟೀವಿಗೆ ವಾಯರು ಚುಚ್ಚಿದಳು. ಅವತ್ತಿನಿಂದ ಲೆಕ್ಕ ಒಂದೇ. ಅತ್ತಿ ಓದಿ ಮುಗಿಸಿದರೆ ಸಾಲು ಪಾಸು. ಮುಗಿಸುವ ಮೊದಲೇ ಹೋದರೆ ನಾಪಾಸು, ಮತ್ತೆ ಚಿಕ್ಕದು ಮಾಡಬೇಕು.

ಆ ಶ್ರಾವಣದಲ್ಲಿ ಮಳೆ ಜೋರಾಗಿ ಹೊಡೆಯಲೂ ಇಲ್ಲ, ಬಿಡಲೂ ಇಲ್ಲ. ಜಿಟಿಜಿಟಿ, ಜಿಟಿಜಿಟಿ. ಅರಿವಿ ಒಣಗಲು ಬೇರೆ ಜಾಗವಿರಲಿಲ್ಲ. ಪಡಸಾಲಿಯಲ್ಲಿ ಈ ಕಡೆಯಿಂದ ಆ ಕಡೆಗೆ ಹಗ್ಗ ಕಟ್ಟಿ ಸೀರಿ, ಧೋತರ, ಟಾವೆಲ್ಲು ಎಲ್ಲ ಹಾಕಿದ್ದೆ. ಅವುಗಳ ಕೆಳಗೆ ಬಗ್ಗಿ ಕುಂತು ನಾವು ಫ್ರಾನ್ಸ್ ದೇಶ ನೋಡುತ್ತಿದ್ದೆವು. ಅಲ್ಲಿಯೂ ಮಳೆ, ಇಲ್ಲಿಯೂ ಮಳೆ. ಬಾಜೂ ಮನಿಯ ಮೈಮೂನಕ್ಕ ಹೊಲಿಯಬೇಕಾದ ಜಂಪರು ಮಡಿಲಲ್ಲಿಟ್ಟುಕೊಂಡು ಬರುತ್ತಿದ್ದಳು. ಅವಳ ಗಂಡ ಲಾರಿ ಡ್ರೈವರ್, ವಾರಕ್ಕೊಮ್ಮೆ ಮನೆಗೆ ಬರುವವನು. ಹಾಗಾಗಿ ಅವಳ ಸಂಜೆಗಳೆಲ್ಲ ನಮ್ಮವೇ.

ಮಾವನವರು ಮಾತ್ರ ಬಾಗಿಲ ಹತ್ತಿರ ಕುರ್ಚಿ ಹಾಕಿಕೊಂಡು, "ನಾ ಪಿಚ್ಚರ್ ನೋಡಾಂವಲ್ಲ," ಎಂದು ಪೇಪರು ಅಗಲಿಸಿ ಹಿಡಿಯುತ್ತಿದ್ದರು. ದೊಡವಾಡದಿಂದ ಬಂದು ಇಲ್ಲಿ ಬೀಜ-ಗೊಬ್ಬರದ ಅಂಗಡಿ ಹಾಕಿ, ಅದನ್ನು ನಮ್ಮ ಮನೆಯವರ ಕೈಗೆ ಕೊಟ್ಟು ಈಗ ಆರಾಮಿದ್ದವರು. ಸಂಜೆಯುದ್ದಕ್ಕೂ ಆ ಪೇಪರಿನ ಹಾಳಿ ಒಮ್ಮೆಯೂ ತಿರುವಿದ್ದನ್ನು ನಾನು ನೋಡಲಿಲ್ಲ.

ಪಿಚ್ಚರಿನ ಕಥೆ ಇಷ್ಟೇ. ಅರವತ್ತು ದಾಟಿದ ಒಬ್ಬ ಹೆಣ್ಣುಮಗಳು. ಬಿದ್ದು ತಲೆಗೆ ಪೆಟ್ಟಾಗಿ ನೆನಪು ಹೋಗಿದೆ. ಗಂಡ ಅವಳನ್ನು ಸಮುದ್ರದ ದಂಡೆಯ ಮನೆಗೆ ಕರೆದುಕೊಂಡು ಬರುತ್ತಾನೆ. ಇದು ನಿನ್ನ ಕುರ್ಚಿ, ಇದು ನಿನ್ನ ಕಪ್ಪು, ಇದು ನಿನ್ನ ಕೋಟು ಎಂದು ಒಂದೊಂದೇ ತೋರಿಸುತ್ತಾನೆ. ಅವಳು ಹ್ಞೂಂ ಅನ್ನುತ್ತಾಳೆ. ಕಿಟಕಿಯಲ್ಲಿ ಕುಂತು ಹಣ್ಣು ಸುಲಿಯುತ್ತಾಳೆ. ಹಣ್ಣು ಸುಲಿಯುವುದನ್ನು ಅವರು ಸಿಪ್ಪಿಯ ಕೊನೆಯವರೆಗೂ ತೋರಿಸುತ್ತಾರೆ.

ಮೊದಲ ದಿನ ಮೈಮೂನಕ್ಕ ತಡೆಯದೆ ಕೇಳಿದಳು, "ಶೋಭಕ್ಕ, ಟೀವಿ ಆವಾಜ್ ಹ್ವಾತೇನ್ರಿ?"

"ಇಲ್ಲ, ಅವರು ಮಾತಾಡ್ತಾ ಇಲ್ಲ," ಎಂದಳು ಪಲ್ಲವಿ.

"ಯಾಕ, ಜಗಳ ಆಗೇತೇನು?"

"ಇಲ್ಲ ಮೈಮೂನಕ್ಕ, ಹಾಗೇ ಇರ್ತಾರೆ."

"ಹಂಗ ಇರಾಕ ಪಿಚ್ಚರ್ ಯಾಕ ತೆಗೀಬೇಕವ್ವಾ? ನಮ್ಮ ಮನಿಗೇ ಬಂದಿದ್ರ ನಮ್ಮ ಮನಿಯಂವ ಉಂಡು ಮಲಗೂದು ತೋರಸ್ತಿದ್ದೆ, ಪುಕ್ಕಟ!"

ನಾವೆಲ್ಲ ನಕ್ಕೆವು. ಅತ್ತಿ ನಗಲಿಲ್ಲ. "ಸುಮ್ನ ಕುಂದರ ಮೈಮೂನಾ. ಆಕಿ ನೆನಪ ಮಾಡ್ಕೊಳ್ಳಾಕ ಹತ್ಯಾಳ. ನೆನಪ ಮಾಡ್ಕೊಳ್ಳಾಕ ಕೈಗೆ ಒಂದು ಕೆಲಸ ಬೇಕು," ಎಂದರು. ಕಾಳು ಹಸನು ಮಾಡುವ ಮೊರ ಅವರ ಮಡಿಲಲ್ಲೇ ಇತ್ತು.

ಹೀಗೆ ದಿನಕ್ಕೆ ಸ್ವಲ್ಪ ಸ್ವಲ್ಪ ನೋಡುತ್ತ ಪಿಚ್ಚರಿನ ನಡುಮಧ್ಯಕ್ಕೆ ಬಂದೆವು. ಅಲ್ಲೊಂದು ಕಡೆ ಆ ಹೆಣ್ಣುಮಗಳು ಮೇಜಿನ ಆ ಕಡೆ ಕುಂತ ಗಂಡನನ್ನು ನೋಡಿ ಒಂದು ಮಾತು ಕೇಳುತ್ತಾಳೆ. ಪಲ್ಲವಿ ಅದನ್ನು ನಾಲ್ಕು ತರದಲ್ಲಿ ಬರೆದು ನಾಲ್ಕನ್ನೂ ಅಳಿಸಿದ್ದಳಂತೆ. ಐದನೆಯದು ಪರದೆಯ ಮೇಲೆ ಬಂತು. ಅತ್ತಿ ಬೆರಳು ಗಾಳಿಯಲ್ಲಿ ಸರಿಸುತ್ತ ಓದಿದರು.

"ನಿನ್ನನ್ನು... ಸೇರುವ... ಮೊದಲು... ನಾನು... ಯಾರಾಗಿದ್ದೆ."

ಓದಿ ಮುಗಿಯಿತು, ಆದರೆ ಅತ್ತಿ ಪಾಸು ಮಾಡಲಿಲ್ಲ. "ಯಾರಾಗಿದ್ದೆ ಅಂದ್ರ ಏನವ್ವಾ? ನಾಟಕದಾಗ ಪಾರ್ಟು ಮಾಡಿದಂಗ ಆತು."

"ಅವಳ ಭಾಷೆಯಲ್ಲಿ ಹಾಗೇ ಇದೆ ಅಮ್ಮ. ಮದುವೆಗೆ ಮುಂಚೆ ನಾನು ಯಾರು, ಹೇಗಿದ್ದೆ, ಅಂತ ಅವಳು ತಿಳ್ಕೋಬೇಕು. ಗಂಡ ಹೇಳ್ತಿರೋದೆಲ್ಲ ಮದುವೆಯ ನಂತರದ್ದೇ."

ಅತ್ತಿ ಮೊರದ ಮೇಲಿನ ಕೈ ನಿಲ್ಲಿಸಿದರು. "ಹಂಗಾರ ಆಕಿ ಹಂಗ ಕೇಳೂದಿಲ್ಲ," ಎಂದರು. "ತವರಮನ್ಯಾಗ ನನಗ ಏನಂತ ಕರೀತಿದ್ರು? ಹಿಂಗ ಕೇಳ್ತಾಳ. ಹಿಂಗ ಬರಿ."

ಪಲ್ಲವಿ ಅವರನ್ನೇ ನೋಡುತ್ತ ಕುಂತಳು. ಆಮೇಲೆ ಹಾಗೆಯೇ ಬರೆದುಕೊಂಡಳು.

ನಮ್ಮ ಕಡೆಯವರಿಗೆ ಇದು ಹೇಳಬೇಕಾಗಿಲ್ಲ, ಪಲ್ಲವಿಗೆ ನಾನು ಬಿಡಿಸಿ ಹೇಳಬೇಕಾಯಿತು. ಇಲ್ಲಿ ಮದುವೆಯಾದ ದಿನ ಗಂಡನ ಮನೆಯವರು ಸೊಸೆಗೆ ಹೊಸ ಹೆಸರಿಡುತ್ತಾರೆ. ಅವತ್ತಿನಿಂದ ಹಳೆಯ ಹೆಸರು ತವರಮನೆಯಲ್ಲೇ ಉಳಿಯಿತು. ತವರಿನವರೂ ಬೀಗರ ಮನೆಗೆ ಬಂದಾಗ ಅದನ್ನು ಬಾಯಿಗೆ ತರುವುದಿಲ್ಲ, "ತಂಗೆವ್ವ" ಎಂದೋ ಏನೋ ಕರೆದು ಹೋಗುತ್ತಾರೆ. ನನಗೂ ಒಂದು ಹೆಸರಿಟ್ಟಿದ್ದರು. ನಮ್ಮ ಮನೆಯವರು ಅದನ್ನು ಅವತ್ತು ಸಂಜೆಯೊಳಗೇ ಮರೆತು "ಶೋಭಾ, ನೀರು ಕೊಡು" ಎಂದುಬಿಟ್ಟರು. ಹೀಗಾಗಿ ನಾನು ಶೋಭಾ ಆಗಿಯೇ ಉಳಿದೆ.

ಅತ್ತಿಯದು ಬೇರೆ ಕಥೆ. ಮಾವನವರನ್ನು ಸಾಕಿದ್ದು ಅವರ ಆಯಿ, ಅಂದರೆ ಅಜ್ಜಿ. ಅವರ ಹೆಸರು ಗೌರವ್ವ. ಅವರು ತೀರಿದ ಮರುವರ್ಷವೇ ಮದುವೆ ಆದದ್ದು, ಆಯಿಯ ಹೆಸರು ಮನೆಯಲ್ಲಿ ಉಳಿಯಲಿ ಎಂದು ಅದನ್ನೇ ಸೊಸೆಗೆ ಇಟ್ಟರು. ಇಟ್ಟ ಮೇಲೆ ಗೊತ್ತಾಯಿತು ಪೇಚು. ಹಿರಿಯರ ಹೆಸರು ಹಿಡಿದು ಕರೆಯುವುದು ಹೇಗೆ? ತನ್ನನ್ನು ಎತ್ತಿ ಆಡಿಸಿದ ಆಯಿಯ ಹೆಸರು ಕೂಗಿ, "ಗೌರವ್ವಾ, ಚಹಾ ತಾ" ಎನ್ನಲು ಮಾವನವರ ಬಾಯಿ ಬರಲಿಲ್ಲ. ಮನೆಯಲ್ಲಿ ಯಾರ ಬಾಯಿಯೂ ಬರಲಿಲ್ಲ. ಉಳಿಯಲಿ ಎಂದು ಇಟ್ಟ ಹೆಸರು ಇಟ್ಟ ದಿನವೇ ಮುಚ್ಚಿಹೋಯಿತು. ಅತ್ತಿ ಎಲ್ಲರಿಗೂ ಅತ್ತಿ, ಅವ್ವ, ದೊಡ್ಡವ್ವ. ಮಾವನವರಿಗೆ "ಏ ಇಕಿ". ಗೌರವ್ವ ಎಂದು ಬಾಯಿ ತುಂಬ ಕೂಗಿದವನು ಜಗತ್ತಿನಲ್ಲಿ ಒಬ್ಬನೇ, ರೇಶನ್ ಅಂಗಡಿಯವನು.

ಆ ಸಂಜೆ ಅತ್ತಿ ಟೀವಿಯತ್ತ ನೋಡುತ್ತಲೇ ಕೇಳಿದರು, "ಗಂಡ ಏನಂತಾನ ಆಕಿಗೆ?"

"ಏನೂ ಅನ್ನಲ್ಲ ಅಮ್ಮ. ಕಿಟಕಿ ಕಡೆ ನೋಡ್ತಾನೆ."

"ಗೊತ್ತಿಲ್ಲನು ಅವಂಗ?"

"ಗೊತ್ತಿಲ್ಲ ಅನ್ಸುತ್ತೆ."

"ಗೊತ್ತಿರೂದಿಲ್ಲ," ಎಂದು ಅತ್ತಿ ಬಾಗಿಲ ಕಡೆ ತಿರುಗಿದರು. "ಇಲ್ಲೊಬ್ಬರು ಕುಂತಾರಲ್ಲ, ಅವರಿಗೆ ಗೊತ್ತೈತೇನ ಕೇಳು."

ಪೇಪರು ಮೆಲ್ಲಗೆ ಕೆಳಗಿಳಿಯಿತು. "ಏನು?" ಎಂದರು ಮಾವನವರು, ಏನೂ ಕೇಳಿಸದವರಂತೆ.

"ನಂದು ತವರಮನಿ ಹೆಸರು."

ಮಾವನವರು ಚಸ್ಮಾ ತೆಗೆದರು, ಒರೆಸಿದರು, ಮತ್ತೆ ಹಾಕಿದರು. ಬಾಯಿ ತೆರೆದರು, ಮುಚ್ಚಿದರು. ಕಡೆಗೆ, "ಎಂದಿನದೋ ಮದವಿ ಮಾತು. ಈಗ ಯಾಕ ಅದು?" ಎಂದು ಪೇಪರು ಮೇಲೆತ್ತಿದರು.

"ಗೊತ್ತಿಲ್ಲ!" ಎಂದಳು ಮೈಮೂನಕ್ಕ, ಸೂಜಿ ಎತ್ತಿ ಹಿಡಿದು.

"ನೀವಾದರೂ ಹೇಳ್ರಿ ಅತ್ತಿ, ಏನ್ ಹೆಸರು?" ಎಂದು ನಾನು ಕೇಳಿದೆ.

"ನಾ ಹೇಳಿದ್ರ ಏನ್ ಬಂತು? ನನ್ನ ಹೆಸರು ನಾನ ಕೂಗೊಂಡಂಗ ಆತು," ಎಂದರು ಅತ್ತಿ. ಆಮೇಲೆ ದನಿ ಇಳಿಸಿ, "ನಮ್ಮ ಅಣ್ಣ ಇರೂತನಕ ಸಿರಸಂಗಿಗೆ ಹ್ವಾದ್ರ ಒಬ್ಬರರೆ ಕರೀತಿದ್ರು. ಹ್ವಾದ ವರ್ಷ ಅವನೂ ಹ್ವಾದ. ಈಗ ಆ ಹೆಸರಿಗೆ ಹ್ಞೂಂ ಅನ್ನೂ ಕೆಲಸಾನ ಇಲ್ಲ ನನಗ," ಎಂದರು. ಅಳಲಿಲ್ಲ. ಮೊರ ಎತ್ತಿ ಫಟ್ಟನೆ ಒಂದು ಸಲ ಕೇರಿ ಎದ್ದು ಹೋದರು.

ಮರುದಿನದಿಂದ ಸುರುವಾಯಿತು. ಅತ್ತಿ ಎಲ್ಲರೊಡನೆ ಮೊದಲಿನಂತೆಯೇ ಇದ್ದರು. "ಏ ಇಕಿ" ಎಂದರೆ ಮಾತ್ರ ಕಿವಿ ಕೇಳದು. ಮಾವನವರು ಬಾಗಿಲಲ್ಲಿ ನಿಂತು "ಏ..." ಎಂದರು. ಉತ್ತರವಿಲ್ಲ. ಕೆಮ್ಮಿದರು. ಬಡಿಗಿ ನೆಲಕ್ಕೆ ಕುಟ್ಟಿದರು. ಕಡೆಗೆ, "ಯಾರದೀರಿ ಒಳಗ?" ಎಂದು ಕೂಗಿದರು.

"ಬಾಳ ಮಂದಿ ಅದೀವ್ರಿ," ಎಂದರು ಅತ್ತಿ ಅಡಿಗಿಮನೆಯಿಂದ. "ಯಾರು ಬೇಕಾಗಿತ್ತು?"

ನಾನು ಸೆರಗು ಬಾಯಿಗೆ ಒತ್ತಿಕೊಂಡು ನಗು ತಡೆದೆ. ಚಹಾ ಹೊತ್ತಿಗೆ ಸರಿಯಾಗಿ ಹೋಗುತ್ತಿತ್ತು, ಅದರಲ್ಲಿ ಕೊರತೆ ಇಲ್ಲ. ಆದರೆ ಅಡಿಕಿ ಡಬ್ಬಿ ಎಲ್ಲಿ, ಟಾವೆಲ್ಲು ಎಲ್ಲಿ, ಕೊಡೆ ಎಲ್ಲಿ, ಇದೆಲ್ಲ ಅತ್ತಿಯ ತಲೆಯಲ್ಲಿತ್ತು. ಮಾವನವರು ಮನೆಯೆಲ್ಲ ಹುಡುಕಾಡುತ್ತ ತಿರುಗಿದರು. ಪಿಚ್ಚರಿನ ಹೆಣ್ಣುಮಗಳಿಗೆ ತನ್ನ ಕಪ್ಪು ಯಾವುದೆಂದು ಗೊತ್ತಿರಲಿಲ್ಲ. ನಮ್ಮ ಮನೆಯಲ್ಲಿ ಗಂಡಸಿಗೆ ಆ ಗತಿ ಬಂದಿತ್ತು. ನಮ್ಮ ಮನೆಯವರನ್ನು ಕರೆದು ಮೆಲ್ಲಗೆ ಕೇಳಿದರಂತೆ, "ನಿಮ್ಮವ್ವನ ಹೆಸರು ಏನೋ?" ಅವರು, "ಗೌರವ್ವ ಅಲ್ಲೇನು?" ಎಂದು ಹೇಳಿ ಬೈಸಿಕೊಂಡು ಅಂಗಡಿಗೆ ಹೋದರು.

ಒಂದು ಬೆಳಿಗ್ಗೆ ಮಾವನವರು ನನ್ನನ್ನು ಹಿತ್ತಲಿಗೆ ಕರೆದರು. "ಶೋಭವ್ವ, ನಾಳಿ ಯರಗಟ್ಟಿತನಕ ಹೋಗಿ ಬರೂಣು. ಅಂಗಡಿ ಕೆಲಸ ಐತಿ."

"ನಾ ಯಾಕ್ರಿ ಅಂಗಡಿ ಕೆಲಸಕ್ಕ?"

"ಅಲ್ಲಿಂದ ಹಂಗ ಸಿರಸಂಗಿಗೆ ಹೋಗಿ ದೇವಿ ದರ್ಶನ ಮಾಡ್ಕೊಂಡು... ಹೆಣ್ಣಮಕ್ಕಳನ್ನ ಕೇಳೂ ಕೆಲಸ ಐತಿ ಅಲ್ಲಿ, ನನಗ ಒಬ್ಬಂವಗ ಆಗೂದಿಲ್ಲ."

ನನಗೆ ತಿಳಿಯಿತು. ಮರುದಿನ ಅತ್ತಿ ಇಬ್ಬರಿಗೂ ರೊಟ್ಟಿ ಬುತ್ತಿ ಕಟ್ಟಿದರು. ಮಾವನವರನ್ನು ಮೇಲಿಂದ ಕೆಳಗೆ ನೋಡಿ ನನಗೆ ಹೇಳಿದರು, "ಯರಗಟ್ಟಿ ಗೊಬ್ಬರದ ಅಂಗಡಿಗೆ ಹೊಸಾ ಧೋತರ ಉಟ್ಕೊಂಡು ಹೊಂಟಾರ ನೋಡು. ಸಿರಸಂಗಿ ಕಾಳಿಕಾದೇವಿಗೆ ನಂದೊಂದು ನಮಸ್ಕಾರ ಹೇಳಂತ ಹೇಳು."

ಯರಗಟ್ಟಿಯಲ್ಲಿ ಬಸ್ ಬದಲಿಸಿದೆವು. ಕಿಟಕಿಯಾಚೆ ಗೋವಿನಜೋಳ ಎದೆಮಟ ನಿಂತಿತ್ತು, ಕಪ್ಪು ಎರಿ ಹೊಲದಲ್ಲಿ ನೀರು ಕನ್ನಡಿಯಂತೆ ಹೊಳೆಯುತ್ತಿತ್ತು. ಮಾವನವರು ಬುತ್ತಿಯ ಗಂಟು ಮಡಿಲಲ್ಲಿಟ್ಟುಕೊಂಡು ಕುಂತಿದ್ದರು. ಆಮೇಲೆ ತಾವೇ ಹೇಳಿದರು, "ಆಯಿ ಹೆಸರು ಉಳೀಲಿ ಅಂತ ಮಾಡಿದ್ವಿ ಶೋಭವ್ವ. ಅದನ್ನೂ ಕರೀಲಿಲ್ಲ, ಇದನ್ನೂ ಕಳಕೊಂಡ್ವಿ. ಅಂತರಪಟದ ಹಿಂದ ಯಾರೋ ಆಕಿನ್ನ ಹೆಸರು ಹಿಡದು ಕರದ್ರು, ಅದು ನೆನಪೈತಿ. ಬಾಜಿ ಬಾರಿಸಾಕ ಹತ್ತಿದ್ರು, ಬರೋಬ್ಬರಿ ಕೇಳಲಿಲ್ಲ."

ಸಿರಸಂಗಿಯ ಮನೆಯಲ್ಲಿ ಅತ್ತಿಯ ಅಣ್ಣನ ಹೆಂಡತಿ ಇದ್ದರು. ಚಹಾ ಕೊಟ್ಟರು, ಅವಲಕ್ಕಿ ಕೊಟ್ಟರು. ಹೆಸರು ಕೇಳಿದರೆ ತಲೆ ಕೆರೆದುಕೊಂಡರು. "ನಾ ಈ ಮನಿಗೆ ಬರೂದ್ರಾಗ ಅವರ ಲಗ್ನ ಆಗಿತ್ರಿ. ನನಗ ಅವರು ಹೊಂಗಲದ ಅಕ್ಕಾರು. ನಮ್ಮ ಯಜಮಾನ್ರು ಏನೋ ಕರೀತಿದ್ರು, ಆದ್ರ ಅವರಿಬ್ಬರು ಅಟ್ಟದ ಮ್ಯಾಲ ಕುಂತು ಹಳೀ ಮಾತು ಆಡುವಾಗ ನಾ ಒಲಿ ಮುಂದ ಇರ್ತಿದ್ದೆ." ಅವರೇ ಗುಡಿಯ ಕಡೆ ಕೈ ತೋರಿಸಿದರು. "ಅಲ್ಲಿ ಕಟ್ಟಿ ಮ್ಯಾಲ ಫಕೀರವ್ವ ಅಂತ ಮುದುಕಿ ಕುಂದರ್ತಾಳ. ಊರ ಹಳೀ ಸುದ್ದಿಯೆಲ್ಲ ಆಕಿ ಹಂತ್ಯಾಕ ಐತಿ."

ಕಾಳಿಕಾದೇವಿಗೆ ಕಾಯಿ ಒಡೆಸಿ, ಅತ್ತಿಯ ನಮಸ್ಕಾರವನ್ನೂ ಹೇಳಿ, ಕಟ್ಟೆಗೆ ಬಂದೆವು. ಫಕೀರವ್ವ ಬಾಯಿ ತುಂಬ ಎಲಿ ಹಾಕಿಕೊಂಡು ಕುಂತಿದ್ದರು. ಯಾರ ಮನೆಯ ಮಗಳು ಎಂದು ಹೇಳಿದ ಕೂಡಲೆ ಎಲಿ ಒಂದು ಕಡೆ ಸರಿಸಿಕೊಂಡು ಮಾವನವರನ್ನು ದಿಟ್ಟಿಸಿದರು.

"ಆ ಮನ್ಯಾಗ ಇಬ್ಬರು ಹುಡುಗ್ಯಾರು. ಒಬ್ಬಾಕಿ ಮಾತಿಗೊಮ್ಮೆ ಅಳತಿದ್ಲು. ಒಬ್ಬಾಕಿ ದೊಡ್ಡ ಬಾವ್ಯಾಗ ಧುಮುಕಿ ಈಸ ಬೀಳತಿದ್ಲು. ನಿಮಗ ಬಂದಾಕಿ ಯಾರು? ಅಳಾಕಿನೋ, ಬಾವಿ ಹಾರಾಕಿನೋ?"

ಮಾವನವರು ನನ್ನ ಮುಖ ನೋಡಿದರು. ಹೆಂಡತಿ ಈಸು ಬೀಳುವುದನ್ನು ಅವರು ಕಂಡವರಲ್ಲ. ನಮ್ಮ ಮನೆಯಲ್ಲಿ ಬಾವಿಯೇ ಇಲ್ಲ.

"ಅಳೂ ಪೈಕಿ ಅಲ್ಲ," ಎಂದರು ಕಡೆಗೆ. "ಇಷ್ಟ ವರ್ಷದಾಗ ಅತ್ತದ್ದು ನಾ ನೋಡಿಲ್ಲ. ಈಗೂ ನಮ್ಮನ್ನ ಅಳಸಾಕ ಹತ್ಯಾಳ."

"ಹಂಗಾರ ನಮ್ಮ ಕಾಳಿ!" ಎಂದು ಫಕೀರವ್ವ ತೊಡೆ ತಟ್ಟಿದರು. "ದೇವೀ ಹೆಸರ ಇಟ್ಟಿದ್ರು. ಕಾಳವ್ವ. ಗಂಡಹುಡುಗರು ಮೆಟ್ಟಲ ಮ್ಯಾಲ ನಿಂತು ನೀರಿಗೆ ಕಾಲ ಇಡಾಕ ಹೆದರತಿದ್ರು, ಆಕಿ ಸೀರಿ ಕಚ್ಚಿ ಹಾಕಿ ಮ್ಯಾಲಿನ ಕಟ್ಟಿಯಿಂದ ಧುಮುಕ್! ಮದವಿ ಹಿಂದಿನ ದಿನಾನೂ ಹಾರಿದ್ಲು. ಅರಿಷಿಣ ಮೈಯ್ಯಾಗ! ಬಾವಿ ನೀರೆಲ್ಲ ಹಳದಿ ಆತು ಅಂತ ಅವರವ್ವ ಬಾರಕೋಲ ತಗೊಂಡು ಬಂದಿದ್ಲು. ಅರಾಮ ಅದಾಳೇನ ಕಾಳಿ?"

"ಅರಾಮ ಅದಾಳ," ಎಂದರು ಮಾವನವರು. ಬಸ್ಸಿನಲ್ಲಿ ಬರುವಾಗ ಒಂದೆರಡು ಸಲ ತಮ್ಮಷ್ಟಕ್ಕೆ ತಾವೇ "ಮ್ಯಾಲಿನ ಕಟ್ಟಿಯಿಂದ!" ಎಂದುಕೊಂಡರು. ಅವರ ಮುಖದ ಮೇಲೆ ಹೊಸದಾಗಿ ಹೆಣ್ಣು ನೋಡಿ ಬಂದವರ ಕಳೆ ಇತ್ತು. ನಾನು ಕಿಟಕಿಯ ಕಡೆ ತಿರುಗಿ ಕುಂತೆ.

ಹೆಸರು ಸಿಕ್ಕಿತು, ಬಾಯಿಂದ ಹೊರಡಬೇಕಲ್ಲ. ಮನೆಗೆ ಬಂದವರು ಬಾಗಿಲಲ್ಲಿ ನಿಂತು ಗಂಟಲು ಸರಿಮಾಡಿಕೊಂಡರು. ಅತ್ತಿ ತಲೆಯೆತ್ತಿದರು. ಮಾವನವರು "ಮಳಿ ಬಾಳ ಐತಿ" ಎಂದು ಹೇಳಿ ಒಳಗೆ ಹೋದರು. ಆ ವಾರವೆಲ್ಲ ಇದೇ ಆಟ. ಹತ್ತಿರ ಬರುವುದು, ಬಾಯಿ ತೆರೆಯುವುದು, ಮಳೆಯ ಮಾತೋ ಉಳ್ಳಾಗಡ್ಡಿ ಧಾರಣಿಯ ಮಾತೋ ಆಡಿ ಹೋಗುವುದು. ಐವತ್ತು ವರ್ಷ ಕರೆಯದ ಬಾಯಿಗೆ ಆ ಮೂರಕ್ಷರ ಗೊಬ್ಬರದ ಚೀಲಕ್ಕಿಂತ ಭಾರವಾಗಿದ್ದವು. ನಾನೂ ಸುಮ್ಮನಿದ್ದೆ. ಇದು ನಾನು ಹೇಳಿ ಮುಗಿಸುವ ಮಾತಲ್ಲ.

ಅಷ್ಟರಲ್ಲಿ ಪಲ್ಲವಿಯ ಕೆಲಸ ಮುಗಿಯಿತು. ಸಾಲುಗಳನ್ನು ಮೈಸೂರಿಗೆ ಕಳಿಸುವ ಮೊದಲು ಪಿಚ್ಚರನ್ನು ಒಂದು ಸಲ ಮೊದಲಿನಿಂದ ಕೊನೆಯವರೆಗೆ ನಿಲ್ಲಿಸದೆ ನೋಡಬೇಕು ಎಂದಳು. ರವಿವಾರ ಮಧ್ಯಾಹ್ನ ಎಂದು ಗೊತ್ತುಮಾಡಿದೆವು. ಓಣಿಯ ಹೆಣ್ಣುಮಕ್ಕಳೆಲ್ಲ ಬಂದರು. ಹಗ್ಗದ ಮೇಲಿನ ಅರಿವಿ ತೆಗೆದು ಜಮಖಾನಿ ಹಾಸಿದೆ. ಚುರುಮರಿ ಒಗ್ಗರಣಿ ಹಾಕಿ ದೊಡ್ಡ ಪಾತೇಲಿಯಲ್ಲಿ ನಡುವೆ ಇಟ್ಟೆ. ಇವರು ಅಂಗಡಿಗೆ ಬೀಗ ಹಾಕಿ ಬಂದರು. ಮಾವನವರು ಬಾಗಿಲ ಹತ್ತಿರದ ಕುರ್ಚಿಯಲ್ಲಿ. ಪೇಪರು ಇರಲಿಲ್ಲ.

ಹಣ್ಣು ಸುಲಿಯುವಾಗ ಈ ಸಲ ಯಾರೂ ಗೊಣಗಲಿಲ್ಲ. "ಸಿಪ್ಪಿ ಹರೀಲಿಲ್ಲ ನೋಡ್ರಿ ಆಕಿಗೆ, ಕೈ ಚೊಲೊ ಐತಿ," ಎಂದು ಮೈಮೂನಕ್ಕ ತಾನೇ ಹೇಳಿದಳು. ಆಮೇಲೆ ಆ ಮೇಜು ಬಂತು. ಆ ಹೆಣ್ಣುಮಗಳು ಗಂಡನ ಮುಖ ನೋಡಿದಳು. ಕೆಳಗೆ ಸಾಲು ಬಿತ್ತು. ಅತ್ತಿ ದೊಡ್ಡದಾಗಿ ಓದಿದರು. ತಡವರಿಸದೆ, ಒಂದೇ ಉಸಿರಿನಲ್ಲಿ, ಯಾಕೆಂದರೆ ಅದು ಅವರದೇ ಮಾತು.

"ತವರಮನೆಯಲ್ಲಿ ನನ್ನನ್ನು ಏನಂತ ಕರೀತಿದ್ದರು?"

ಪಿಚ್ಚರಿನ ಗಂಡ ಕಿಟಕಿಯ ಕಡೆ ನೋಡಿದ. ಸಮುದ್ರದ ಸಪ್ಪಳ ಬಿಟ್ಟರೆ ಏನೂ ಇಲ್ಲ.

"ಅವಂಗಂತೂ ಬಾಯಿಲ್ಲ," ಎಂದಳು ಮೈಮೂನಕ್ಕ. "ಇಲ್ಲಿ ಯಾರರೆ ಜವಾಬ್ ಕೊಡ್ರಿ ಆಕಿಗೆ!"

ಕುರ್ಚಿ ಕಿರ್ರೆಂದಿತು. ಮಾವನವರು ಎದ್ದು ನಿಂತಿದ್ದರು. ಪಲ್ಲವಿ ಗಾಬರಿಯಾಗಿ ಪಿಚ್ಚರು ನಿಲ್ಲಿಸಿದಳು. ಫ್ರೆಂಚ್ ಗಂಡ ಕಿಟಕಿ ನೋಡುತ್ತಲೇ ನಿಂತುಬಿಟ್ಟ.

"ನಾ ಹೇಳ್ತೇನಿ," ಎಂದರು ಮಾವನವರು.

ಓಣಿಯ ಹೆಂಗಸರು ಇಂಥದ್ದನ್ನು ಸುಮ್ಮನೆ ಬಿಟ್ಟಾರೆಯೇ? "ಹಂಗ ಹೇಳಿದ್ರ ನಡಿಯೂದಿಲ್ಲ ಕಾಕಾ! ಒಡಪು ಹಾಕಿ ಹೇಳಬೇಕು!" ಎಂದು ಒಬ್ಬಳು, "ಬಾಗಲ ಹಾಕ್ರಿ, ಓಡಿ ಹೋಗ್ಯಾರು!" ಎಂದು ಇನ್ನೊಬ್ಬಳು. ಮದುವೆಯಲ್ಲಿ ಗಂಡ ಹೆಂಡತಿ ಒಬ್ಬರ ಹೆಸರನ್ನೊಬ್ಬರು ಪ್ರಾಸ ಕಟ್ಟಿ ಹೇಳುವುದಕ್ಕೆ ಒಡಪು ಎನ್ನುತ್ತಾರೆ ಎಂದು ನಾನು ಪಲ್ಲವಿಯ ಕಿವಿಯಲ್ಲಿ ಹೇಳಿದೆ. ಗೌರವ್ವ ಎಂಬ ಹೆಸರಿಗೆ ಮಾವನವರು ಮದುವೆಯಲ್ಲಿಯೂ ಒಡಪು ಹಾಕಿರಲಿಲ್ಲ, ಹಾಕಲು ಬರುತ್ತಿರಲಿಲ್ಲ.

ಮಾವನವರು ಟೊಪ್ಪಿಗಿ ಸರಿಮಾಡಿಕೊಂಡರು. ವಾರವೆಲ್ಲ ಮಳೆ, ಉಳ್ಳಾಗಡ್ಡಿ ಎಂದು ತಿರುಗಿದ್ದು ಯಾಕೆಂದು ನನಗೆ ಆಗ ಹೊಳೆಯಿತು.

"ಎರಿ ಹೊಲಕ ಚಂದ ಬಿಳಿಯ ಜ್ವಾಳವ್ವ,
ನಮ್ಮ ಮನಿಗಿ ಚಂದ ಸಿರಸಂಗಿ ಕಾಳವ್ವ."

ಚಪ್ಪಾಳೆ, ಕೂಗು, ಮೈಮೂನಕ್ಕನ ಸಿಳ್ಳು. ಲಾರಿಯವನ ಹೆಂಡತಿ ಸಿಳ್ಳು ಹಾಕಬಲ್ಲಳು ಎಂದು ಅವತ್ತೇ ಗೊತ್ತಾದದ್ದು. ನಮ್ಮ ಮನೆಯವರು, "ಕಾಳವ್ವನಾ?" ಎಂದು ತಾಯಿಯನ್ನು ಹೊಸದಾಗಿ ನೋಡಿದಂತೆ ನೋಡಿದರು. ಅತ್ತಿ ಮಾತ್ರ ಸೆರಗು ತಲೆಯ ಮೇಲೆ ಎಳೆದುಕೊಂಡು ಕೆಳಗೆ ನೋಡುತ್ತ ಕುಂತಿದ್ದರು. ಕಣ್ಣು ಒರೆಸಿಕೊಂಡರೋ ಚುರುಮರಿಯ ಖಾರ ಹತ್ತಿತೋ, ನಾನು ಕೇಳಲಿಲ್ಲ.

ಆಮೇಲೆ ತಲೆಯೆತ್ತಿ, "ಹ್ಞೂಂ," ಎಂದರು. "ಏನ್ ಬೇಕಾಗಿತ್ತು?"

"ಏನಿಲ್ಲ. ಸುಮ್ನ ಕರದೆ," ಎಂದರು ಮಾವನವರು. ಕುಂತುಕೊಂಡು, "ಬಾವಿ ಹಾರತಿದ್ದೆಂತ. ಮ್ಯಾಲಿನ ಕಟ್ಟಿಯಿಂದ. ನನಗ ಹೇಳಲಿಲ್ಲ ನೀ."

"ನೀವು ಕೇಳಲಿಲ್ಲ."

"ಅರಿಷಿಣ ಹಚ್ಕೊಂಡೂ ಹಾರಿದ್ದೆಂತ."

"ಯಾರು ಹೇಳಿದ್ರು, ಫಕೀರಿನಾ? ಇನ್ನೂ ಅದಾಳಾ ಆಕಿ!" ಎಂದು ಅತ್ತಿ ನಕ್ಕರು. ಆ ನಗು ನಾನು ಈ ಮನೆಗೆ ಬಂದಾಗಿನಿಂದ ಕೇಳಿದ ನಗುವಲ್ಲ, ಅದಕ್ಕಿಂತ ಹಿಂದಿನದು. "ಆಕೀಗೂ ನಾನ ಈಸ ಕಲಿಸಿದ್ದು. ಅದನ್ನ ಹೇಳಿರಲಿಕ್ಕಿಲ್ಲ."

ಪಲ್ಲವಿ ಪಿಚ್ಚರು ಮತ್ತೆ ಹಚ್ಚಿದಳು. ಕೊನೆಯಲ್ಲಿ ಆ ಹೆಣ್ಣುಮಗಳು ಒಬ್ಬಳೇ ಸಮುದ್ರದ ಕಡೆ ನಡೆಯುತ್ತಾಳೆ, ಚಪ್ಪಲಿ ಬಿಡುತ್ತಾಳೆ, ನೀರಿಗೆ ಇಳಿಯುತ್ತಾಳೆ. "ಈಗ ಹಾರ್ತಾಳ ನೋಡ್ರಿ!" ಎಂದು ಅತ್ತಿ ಮುಂದಕ್ಕೆ ಬಾಗಿದರು. ಅವಳು ಹಾರಲಿಲ್ಲ. ಪಾದ ಮುಳುಗುವಷ್ಟು ನೀರಿನಲ್ಲಿ ಬಹಳ ಹೊತ್ತು ನಿಂತಳು, ಪರದೆ ಬೆಳ್ಳಗಾಯಿತು. "ಈಸ ಬರೂದಿಲ್ಲ ಪಾಪ ಆಕಿಗೆ," ಎಂದು ಅತ್ತಿ ನಿಟ್ಟುಸಿರು ಬಿಟ್ಟು, ಎಲ್ಲ ಸಾಲೂ ಪಾಸು ಎಂದು ಹೇಳಿದರು. ಪಲ್ಲವಿ ಅವರ ಕಾಲು ಮುಟ್ಟಿದಳು. ಅವಳಿಗೆ ಆಮೇಲೆ ರಾಮದುರ್ಗಕ್ಕೆ ವರ್ಗವಾಯಿತು. ಈಗಲೂ ಫೋನು ಮಾಡಿದರೆ ಮೊದಲು ಕೇಳುವುದು, "ಕಾಳಮ್ಮ ಹೇಗಿದ್ದಾರೆ?"

ಆ ರವಿವಾರ ಸಂಜೆ ಗೋದಿ-ಬೆಲ್ಲದ ಸಿಹಿ, ಮಾದ್ಲಿ ಮಾಡಿದೆವು. ಅತ್ತಿಯೇ ಬೆಲ್ಲ ಹೆರೆದರು. ಬಿಸಿ ಹಾಲು, ತುಪ್ಪ, ಹಿಂದೆಯೇ ರೊಟ್ಟಿ, ಎಣ್ಣಿಗಾಯಿ, ಸೇಂಗಾ ಚಟ್ನಿ, ಮೈಮೂನಕ್ಕ ಕಳಿಸಿದ ಶೇವಿಗಿ ಖೀರು. ಪಲ್ಲವಿ ನಮ್ಮ ಜೊತೆಯೇ ಉಂಡಳು, ಎರಡನೇ ಸಲ ಮಾದ್ಲಿ ಹಾಕಿಸಿಕೊಂಡಳು. ಮನೆಯಲ್ಲಿ ಎಲ್ಲರೂ ಮಲಗಿದ ಮೇಲೆ ಕದ ನೋಡಿ, ಒಲಿ ನೋಡಿ, ಹಾಲು ಮುಚ್ಚಿ ಮಲಗುವವರು ಅತ್ತಿ. ಅವತ್ತು ನಾನು ಪಾತ್ರೆ ತೊಳೆದು ಬರುವುದರೊಳಗೆ ಪಡಸಾಲಿಯ ಜಮಖಾನಿಯ ಮೇಲೆಯೇ ಮಲಗಿಬಿಟ್ಟಿದ್ದರು. ಎಲ್ಲರಿಗಿಂತ ಮೊದಲು ಅವರೇ. ಮಾವನವರು ತಮ್ಮ ಕಂಬಳಿ ಸಿಗದೆ ಬಾಗಿಲಲ್ಲಿ ನಿಂತು ಮೆಲ್ಲಗೆ, "ಕಾಳಿ," ಎಂದರು. ಒಮ್ಮೆ ಕರೆದು, ಮುಖ ನೋಡಿ, ಮತ್ತೆ ಕರೆಯಲಿಲ್ಲ. ಟ್ರಂಕಿನಲ್ಲಿ ತಾವೇ ಹುಡುಕಿದರು. ಸಿಕ್ಕ ಕಂಬಳಿಯನ್ನು ಅತ್ತಿಗೆ ಹೊದಿಸಿ, ತಾವು ಅವರ ಒಣಗಿದ ಸೀರಿಯೊಂದನ್ನು ಹೊದ್ದುಕೊಂಡು ಮಲಗಿದರು.